ಬಾಗಿಲ ತೂತು

ಶನಿವಾರ ಮೂರಕ್ಕೆ, ಹ್ಯಾಮ್‌ಟ್ರಾಮಿಕ್‌ನ ಇಗರ್ಜಿಯೆದುರು
ಕೆಂಪು ಕೊಡೆ ಎತ್ತಿ ನಿಲ್ಲುತ್ತೇನೆ, ಮಳೆ ಇರಲಿ ಬಿಡಲಿ.
ತಲೆಗೆ ಮೂವತ್ತೆಂಟು ಡಾಲರು, ಎರಡು ಗುಟುಕು ಉಚಿತ.
ಕಂಪನಿ ಕೊಟ್ಟ ತಲೆಪಟ್ಟಿಗೆ ನವಿಲುಗರಿ, ಕಿವಿಗೆ ಕಚಗುಳಿ.
ಕಂಪನಿ ಕೊಟ್ಟ ಹಾಳೆಯಲ್ಲಿ ಎಲ್ಲಿ ನಗಬೇಕೆಂದೂ ಬರೆದಿದೆ.

"ಬನ್ನಿ, ನಾನು ಯಾದ್ವಿಗಾ. ಪಾನನಿಷೇಧದ ಹದಿಮೂರು ವರ್ಷ
ಈ ದೇಶದ ಬಾಯಿ ಒಣಗಿದ ಕತೆ ಹೇಳುತ್ತೇನೆ.
ಒಣಗಿತ್ತೇ? ಸರ್ಕಾರ ಚಾಪೆಯ ಕೆಳಗೆ ನುಸುಳಿದರೆ
ನಮ್ಮ ಡೆಟ್ರಾಯಿಟ್ ರಂಗೋಲಿಯ ಕೆಳಗೆ."
ಇಲ್ಲಿ ನಗು. ನಗುತ್ತಾರೆ.

ನದಿ ಇಲ್ಲಿಂದ ಕಾಣದು; ಕೈ ಮಾಡಿ ಹೇಳುತ್ತೇನೆ:
ಅಗೋ ಆಚೆ ಕೆನಡಾ. ಜನವರಿಯಲ್ಲಿ ನೀರು ಕಲ್ಲಾದಾಗ
ಬಾಗಿಲು ಕಿತ್ತ ಕಾರುಗಳು ಅದರ ಮೇಲೇ ಬರುತ್ತಿದ್ದವು.
ಬಾಗಿಲು ಯಾಕೆ ಕಿತ್ತರು ಹೇಳಿ? ಮುಳುಗಿದರೆ ಹಾರಲು.
ಹಾರದವರು ವಿಸ್ಕಿಯ ಜೊತೆ ಇನ್ನೂ ಕೆಳಗೇ ಇದ್ದಾರೆ.
ಇಲ್ಲಿ ಮೌನ, ಎರಡು ಸೆಕೆಂಡು. ಅದೂ ಹಾಳೆಯಲ್ಲಿದೆ.

ಮೊದಲ ಬಾರು ಈಗ ಫೋನ್ ಅಂಗಡಿ. ಎರಡನೆಯದು
ಯೆಮೆನಿನ ಅಬ್ದುಲ್‌ಜಲೀಲರ ಚಹಾದಂಗಡಿ.
ನೆಲಮಾಳಿಗೆಗೆ ಇಳಿಯಲು ಬಿಡುತ್ತಾರೆ, ತಲೆ ತಗ್ಗಿಸಿದರೆ.
ಪೀಪಾಯಿ ಉರುಳಿದ ಗುರುತಿನ ಮೇಲೆ ಏಲಕ್ಕಿ ಚೀಲಗಳು.
"ಆಗ ನಾನಿದ್ದಿದ್ದರೆ ಶ್ರೀಮಂತನಾಗುತ್ತಿದ್ದೆ,
ಒಂದು ತೊಟ್ಟೂ ಮುಟ್ಟದೆ" ಅನ್ನುತ್ತಾರೆ, ಪ್ರತಿ ವಾರ.

ಮೂರನೆಯದರಲ್ಲಿ ನನಗೆ ಕಾಲು ಭಾರ.
ಹೊರಗೆ ಬೂಟು ರಿಪೇರಿ, ಒಳಗೆ ಬಾರು.
"ಎಡಗಾಲಿನ ಹಿಮ್ಮಡಿ ಸವೆದಿದೆ" ಅಂದವರಿಗೆ ಒಳಬಾಗಿಲು;
ಬಲಗಾಲು ಅಂದವರಿಗೆ ನಿಜವಾಗಿಯೂ ಮೊಳೆ ಹೊಡೆದು ಕಳಿಸುತ್ತಿದ್ದರು.
ಆ ಬಾಗಿಲಲ್ಲೊಂದು ತೂತು. ಗುಂಡಿನ ತೂತು, ಅನ್ನುತ್ತದೆ ಹಾಳೆ,
ಪಾತಕಿಗಳು, ನಡುರಾತ್ರಿ, ಹೆಂಗಸೊಬ್ಬಳ ಚೀರು.
ಎಲ್ಲರೂ ಬೆರಳು ತೂರಿಸಿ ಫೋಟೋ ತೆಗೆಸಿಕೊಳ್ಳುತ್ತಾರೆ.
ಆರು ವರ್ಷದ ಬೆರಳುಗಳಿಗೇ ಅಂಚು ನುಣುಪಾಗಿದೆ.

ಅದು ನನ್ನ ಮುತ್ತಜ್ಜ ಟಡೇಯುಶ್ ದಬ್ಬಣದಲ್ಲಿ ಕೊರೆದದ್ದು.
ಇಪ್ಪತ್ತೇಳರ ಕ್ರಿಸ್‌ಮಸ್ಸಿಗೆ ಯಾರೋ ತಂದ ಜಿನ್ನು ಕುಡಿದ;
ಕಾರ್ಖಾನೆಯ ಸ್ಪಿರಿಟ್ಟು, ಕುಡಿಯದಿರಲೆಂದೇ ವಿಷ ಬೆರೆಸಿದ್ದು.
ಎದ್ದವನು ಹೆಂಡತಿಗೆ ಹೇಳಿದ, "ಅಪೊಲೋನಿಯಾ,
ಇನ್ನೂ ಬೆಳಗಾಗಿಲ್ಲ, ದೀಪ ಹಚ್ಚು."
ಹಚ್ಚಿದಳು. ಹೊರಗೆ ಹಿಮದ ಮೇಲೆ ಬಿಸಿಲು ಕಣ್ಣು ಕುಕ್ಕುತ್ತಿತ್ತು.

ಉಳಿ, ಮೊಳೆ ಅವಳ ಕೈಗೆ ಬಂತು. ಅವನನ್ನು ಬಾಗಿಲಿಗೆ ಕೂರಿಸಿದರು.
ಗಿಡ್ಡ ಮಣೆ; ಕೂತರೆ ಕಿವಿ ಎಲ್ಲಿಗೆ ಬರುವುದೋ ಅಲ್ಲಿಗೆ ತೂತು.
ಊರಿನ ಅರ್ಧ ಬೂಟುಗಳಿಗೆ ಅಟ್ಟೆ ಹಾಕಿದ್ದವನು.
ಯಾವುದು ಎಲ್ಲಿ ಕಿರ್ರೆನ್ನುತ್ತದೆ, ಯಾರ ಮೊಳೆ ಸಡಿಲ,
ಯಾರಿಗೆ ಇವತ್ತು ಸಂಬಳವಾಗಿದೆ,
ಒಂದೂ ತಪ್ಪುತ್ತಿರಲಿಲ್ಲ.
ಒಮ್ಮೆ ಗುರುತಿನ ಮಾತು ಸರಿಯಾಗಿಯೇ ಬಂತು, ಒಳ್ಳೆಯ ಪೋಲಿಷ್‌ನಲ್ಲಿ.
ಮುತ್ತಜ್ಜ ತೂತಿಗೇ ಹೇಳಿದ: "ಸವೆದಿಲ್ಲವಲ್ಲ ಸಾರ್ಜೆಂಟ್,
ಮಂಗಳವಾರವಷ್ಟೇ ನನ್ನ ಹೆಂಡತಿ ಹೊಸದು ಹಾಕಿದಳಲ್ಲ."
ಅಷ್ಟರಲ್ಲಿ ಹಿತ್ತಿಲ ಬಾಗಿಲಲ್ಲಿ ಇಪ್ಪತ್ತು ಜನ ಕರಗಿದ್ದರು.

ಇದು ಹಾಳೆಯಲ್ಲಿಲ್ಲ. ಕುರುಡನ ಕತೆಗೆ ಟಿಪ್ಸು ಬೀಳುವುದಿಲ್ಲ.
ನಾನೂ ಆರು ವರ್ಷ ಗುಂಡು ಹಾರಿಸುತ್ತಲೇ ಬಂದೆ.

ಹೋದ ವಾರ ಟೊಲೀಡೊದಿಂದ ಬಂದಿದ್ದ ಹುಡುಗಿ,
ಹನ್ನೊಂದೋ ಹನ್ನೆರಡೋ, ಕೈಯಲ್ಲಿ ನಿಂಬೆ ಸೋಡಾ,
ಬೆರಳು ತೂರಿಸಲಿಲ್ಲ. ಎದುರು ನಿಂತು ತನ್ನ ಹೊಟ್ಟೆಗೆ ಅಳೆದಳು:
"ಇಷ್ಟು ಕೆಳಗೆ ಯಾರಿಗೆ ಹೊಡೆದರು? ಮಕ್ಕಳಿಗಾ?"

ನಗುವ ಜಾಗವಲ್ಲ. ಎರಡು ಸೆಕೆಂಡೂ ಸಾಲದು.
ನವಿಲುಗರಿ ತೆಗೆದು ಜೇಬಿಗಿಟ್ಟೆ.
"ಕೂತ್ಕೋ," ಅಂದೆ. "ಕಿವಿ ಇಡು."
ಇಟ್ಟಳು. ಅವಳಪ್ಪ ಗಡಿಯಾರ ನೋಡಿದ.
ಬಹಳ ಹೊತ್ತಿನ ಮೇಲೆ, ಕಣ್ಣು ಮುಚ್ಚಿಕೊಂಡೇ,
"ಯಾರೋ ಬರ್ತಿದ್ದಾರೆ," ಅಂದಳು, "ಒಂದು ಕಾಲು ಎಳೀತಿದ್ದಾರೆ."

ಯಾವ ಕಾಲು, ಎಂದು ಕೇಳಿದೆ.